ಕಲ್ವಾರಿ ಬೆಟ್ಟ ಎಲ್ಲಿ?

“ಅಷ್ಟು ದೂರ ಹೋಗಿಯೂ ಬೆಟ್ಟವನ್ನೇ ಕಾಣಲಿಲ್ಲವಲ್ಲಪ್ಪಾ!”

2018ರಲ್ಲಿ ಜೆರುಸಲೇಮ್ ಯಾತ್ರೆ ಮುಗಿಸಿ ಬನಶಂಕರಿಯ ಮನೆಗೆ ಮರಳಿದ ನಮ್ಮ ಸೋದರತ್ತೆಯವರು ಮೊದಲು ಆಡಿದ ಮಾತಿದು. ಹತ್ತು ವರ್ಷ ಪಿಂಚಣಿಯಲ್ಲಿ ಉಳಿಸಿದ ಹಣವನ್ನು ಅವರು ಆ ಯಾತ್ರೆಗೆ ವ್ಯಯಿಸಿದ್ದರು. ಪ್ರತಿ ತಪಸ್ಸುಕಾಲದಲ್ಲಿಯೂ ಶಿಲುಬೆಹಾದಿಯ ಚಿತ್ರಗಳ ಮುಂದೆ ಮೊಣಕಾಲೂರಿದ ಅವರ ಮನದಲ್ಲಿ ನಿರ್ಜನವಾದ ಬೆಟ್ಟ, ಮೂರು ಶಿಲುಬೆಗಳು, ಕವಿದ ಕಾರ್ಮೋಡ ಅಚ್ಚೊತ್ತಿ ನಿಂತಿದ್ದವು. ನಮ್ಮಲ್ಲಿ ಯಾರ ಮನದಲ್ಲಿ ಈ ಚಿತ್ರವಿಲ್ಲ?

ಅವರಿಗೆ ಎದುರಾದುದು ನಮ್ಮ ಚಿಕ್ಕಪೇಟೆಯ ಓಣಿಗಳನ್ನು ನೆನಪಿಸುವ, ಕಲ್ಲುಹಾಸಿನ ಇಕ್ಕಟ್ಟಾದ ಬೀದಿ. ಇಕ್ಕೆಲಗಳಲ್ಲಿ ಬಟ್ಟೆ, ಮಸಾಲೆ, ಜಪಮಾಲೆಗಳ ಅಂಗಡಿಗಳು, ವ್ಯಾಪಾರಿಗಳ ಕೂಗು. ಶಿಲುಬೆಹಾದಿಯ ಕಡೆಯ ಐದು ಸ್ಥಳಗಳಿರುವುದು ಪವಿತ್ರ ಸಮಾಧಿಯ ದೇವಾಲಯದೊಳಗೆ. ಗೊಲ್ಗೊಥಾ ಅಲ್ಲಿ ಕಡಿದಾದ ಮೆಟ್ಟಿಲುಗಳನ್ನೇರಿ ತಲುಪುವ ಒಂದು ಉಪ್ಪರಿಗೆ. ಬಲಿಪೀಠದ ಕೆಳಗಿನ ರಂಧ್ರದಲ್ಲಿ ಕೈಯಿಳಿಸಿ ಬಂಡೆಯನ್ನು ಮುಟ್ಟಬೇಕು. ಅತ್ತೆಯವರ ಕೈ ತಾಗುವಷ್ಟರಲ್ಲಿಯೇ ಹಿಂದಿದ್ದವರು ಅವಸರಪಡಿಸಿದರಂತೆ.

ನಿಜ ಹೇಳಬೇಕೆಂದರೆ, ಶುಭಸಂದೇಶಗಳು ಅದನ್ನು ಬೆಟ್ಟವೆಂದು ಕರೆದಿಲ್ಲ. ಕಪಾಲವೆಂಬ ಸ್ಥಳ ಎಂದಷ್ಟೇ ಹೇಳುತ್ತವೆ. ಅದು ಅಂದಿನ ಪಟ್ಟಣದ ಗೋಡೆಯ ಹೊರಗೆ, ಹಳೆಯ ಕಲ್ಲುಗಣಿಯಲ್ಲಿ ಉಳಿದಿದ್ದ ಬಂಡೆ. ಕೆಲವೇ ವರ್ಷಗಳಲ್ಲಿ ಪಟ್ಟಣ ಬೆಳೆದು ಅದನ್ನು ಒಳಗೊಂಡಿತು. ಚಕ್ರವರ್ತಿ ಕಾನ್‌ಸ್ಟಂಟೈನನ ಕಾಲದ ಶಿಲ್ಪಿಗಳು ಸಮಾಧಿಯ ಸುತ್ತಲ ಕಲ್ಲನ್ನು ಕಡಿದು ತೆಗೆದರು. 335ರಲ್ಲಿ ದೇವಾಲಯದ ಪ್ರತಿಷ್ಠಾಪನೆಯಾಯಿತು. 1009ರಲ್ಲಿ ಅದು ನೆಲಸಮವಾಗಿ, ಮತ್ತೆ ಎದ್ದಿತು. ಇಂದು ಅಲ್ಲಿ ಆರು ಕ್ರೈಸ್ತ ಪಂಗಡಗಳಿಗೆ ಹಕ್ಕುಂಟು. ಕೀಲಿಕೈ ಮಾತ್ರ ಒಂದು ಮುಸ್ಲಿಂ ಮನೆತನದ ವಶದಲ್ಲಿದೆ; ಬಾಗಿಲು ತೆರೆಯುವ ಹೊಣೆ ಇನ್ನೊಂದು ಮುಸ್ಲಿಂ ಮನೆತನದ್ದು. ನಮ್ಮ ಒಳಜಗಳಗಳಿಗೆ ಇದಕ್ಕಿಂತ ಬೇರೆ ಸಾಕ್ಷಿ ಬೇಕೆ?

ಆ ಸ್ಥಳ ಪಟ್ಟಣಕ್ಕೆ ಸಮೀಪವಾಗಿದ್ದು, ಶಿಲುಬೆಯ ಮೇಲಿನ ಬರಹವನ್ನು ಅನೇಕರು ಓದಿದರೆಂದು ಸಂತ ಯೊವಾನ್ನರು ತಿಳಿಸುತ್ತಾರೆ. ಎಂದರೆ ಅಂದೂ ಅಲ್ಲಿ ಜನಸಂಚಾರವಿತ್ತು. ಸಿರೇನಿನ ಸಿಮೋನನಾದರೂ ತನ್ನ ಪಾಡಿಗೆ ಊರೊಳಕ್ಕೆ ಬರುತ್ತಿದ್ದ ದಾರಿಹೋಕನೇ. ಯಾತ್ರಿಕರಿಗೆ ಸಾಮಾನಿನ ಪಟ್ಟಿ ಕೊಡುವ ಸಂಘಟಕರು ಈ ನಾಲ್ಕು ಮಾತುಗಳನ್ನೂ ಮುಂಚಿತವಾಗಿ ತಿಳಿಸಿದ್ದರೆ ಅತ್ತೆಯವರು ಅಷ್ಟು ನೊಂದುಕೊಳ್ಳುತ್ತಿರಲಿಲ್ಲ.

ಮರುವರ್ಷದ ತಪಸ್ಸುಕಾಲದ ಒಂದು ಶುಕ್ರವಾರ ನಮ್ಮ ದೇವಾಲಯದಲ್ಲಿ ಶಿಲುಬೆಹಾದಿ ನಡೆದಿತ್ತು. ಐದನೆಯ ಸ್ಥಳದ ಮುಂದೆ ಎಲ್ಲರೂ ಮೊಣಕಾಲೂರಿದಾಗ ಅತ್ತೆಯವರು ನನ್ನತ್ತ ಬಾಗಿ, “ಇಲ್ಲೊಬ್ಬ ಹುಡುಗ ದಾಳಿಂಬೆ ರಸ ಮಾರುತ್ತಿದ್ದ ಕಣಪ್ಪಾ” ಎಂದು ಪಿಸುಗುಟ್ಟಿದರು.