ಒಂದೂ ಅಂಕ ಕೊಡದ ತಂಡ

ಪ್ರಶ್ನೆ: ಎದುರಾಳಿಗೆ ಒಂದೂ ಅಂಕ ಬಿಟ್ಟುಕೊಡದೆ ಎಲ್ಲ ಪಂದ್ಯಗಳನ್ನೂ ಗೆದ್ದ ಅಮೆರಿಕದ ಕಾಲೇಜು ಫುಟ್‌ಬಾಲ್ ತಂಡವೊಂದಿತ್ತಂತೆ. ನಿಜವೇ?

ಉತ್ತರ: ನಿಜ. ಅದು 1901ರ ಮಿಷಿಗನ್ ವಿಶ್ವವಿದ್ಯಾಲಯದ ತಂಡ. ಆಡಿದ್ದು 11 ಪಂದ್ಯ, ಗಳಿಸಿದ್ದು 550 ಅಂಕ, ಕೊಟ್ಟದ್ದು ಸೊನ್ನೆ. ಬಫಲೋ ತಂಡವನ್ನಂತೂ 128–0ರಿಂದ ಹಣಿದುಹಾಕಿತು.

ಇದು ನಮ್ಮ ಕಾಲ್ಚೆಂಡಾಟವಲ್ಲ. ಚೆಂಡನ್ನು ಕಂಕುಳಲ್ಲಿ ಅವುಚಿಕೊಂಡು ನುಗ್ಗುವ ಆಟ. ಚೆಂಡನ್ನು ಮುಂದಕ್ಕೆಸೆಯಲು ನಿಯಮ ಒಪ್ಪಿದ್ದು 1906ರಲ್ಲಿ. 1901ರಲ್ಲಿ ಒಂದು ಟಚ್‌ಡೌನ್‌ಗೆ, ಅಂದರೆ ಚೆಂಡನ್ನು ಎದುರಾಳಿಯ ಗೆರೆಯಾಚೆ ಒಯ್ದದ್ದಕ್ಕೆ, ಸಿಗುತ್ತಿದ್ದದ್ದು ಇಂದಿನಂತೆ 6 ಅಲ್ಲ, 5 ಅಂಕ. ಹಾಗಾಗಿ ಆ 550 ಇನ್ನೂ ದೊಡ್ಡದು.

ತರಬೇತುದಾರ ಫೀಲ್ಡಿಂಗ್ ಯೋಸ್ಟ್‌ಗೆ ಮಿಷಿಗನ್‌ನಲ್ಲಿ ಅದು ಮೊದಲ ವರ್ಷ. ಆಟಗಾರರನ್ನು ಸದಾ 'ಬೇಗ, ಬೇಗ' ಎಂದು ಅವಸರಪಡಿಸುತ್ತಿದ್ದುದರಿಂದ 'ಹರಿ ಅಪ್' ಯೋಸ್ಟ್ ಎಂದೇ ಹೆಸರಾದ. ಹಿಂದಿನ ವರ್ಷ ಆತ ಸ್ಟ್ಯಾನ್‌ಫರ್ಡ್‌ನಲ್ಲಿದ್ದ. ಹಳೆಯ ವಿದ್ಯಾರ್ಥಿಗಳೇ ತರಬೇತಿ ಕೊಡಬೇಕೆಂಬ ನಿಯಮ ಬಂದು ಅಲ್ಲಿಂದ ಹೊರಬಿದ್ದಿದ್ದ. ವಿಧಿಯ ತಮಾಷೆ ನೋಡಿ: 1902ರ ಜನವರಿ 1ರಂದು ಕ್ಯಾಲಿಫೋರ್ನಿಯಾದ ಪಸಡೀನಾದಲ್ಲಿ ನಡೆದ ಕೊನೆಯ ಪಂದ್ಯದಲ್ಲಿ ಎದುರಾದದ್ದು ಅದೇ ಸ್ಟ್ಯಾನ್‌ಫರ್ಡ್! ಮಿಷಿಗನ್‌ನ 11 ಜನ ಬದಲಿ ಆಟಗಾರರಿಲ್ಲದೆ ಕೊನೆಯವರೆಗೂ ಆಡಿದರು. ನೀಲ್ ಸ್ನೋ ಒಬ್ಬನೇ 5 ಟಚ್‌ಡೌನ್ ಬಾರಿಸಿದ. ಅಂಕ 49–0 ಆದಾಗ, ಇನ್ನೂ ಎಂಟು ನಿಮಿಷ ಬಾಕಿಯಿರುವಂತೆಯೇ ಸ್ಟ್ಯಾನ್‌ಫರ್ಡ್ ನಾಯಕ ಸಾಕೆಂದ.

ಪಸಡೀನಾದ ಹೆಸರಾಂತ ಹೊಸ ವರ್ಷದ ಪಂದ್ಯ ರೋಸ್ ಬೌಲ್ ಶುರುವಾದದ್ದು ಇದರಿಂದಲೇ. ಇಷ್ಟು ಏಕಪಕ್ಷೀಯ ಆಟ ಸಂಘಟಕರಿಗೆ ರುಚಿಸದಿದ್ದದ್ದು ಸಹಜವೇ. ಅಲ್ಲಿ ಫುಟ್‌ಬಾಲ್ ಮರಳಿದ್ದು 1916ರಲ್ಲಿ. ನಡುವೆ ಕೆಲವು ವರ್ಷ ರಥಗಳ ಓಟ ನಡೆಸಿದರು.