ಗೋಷಾ ಆಸ್ಪತ್ರೆಯ ಡಾಕ್ಟರಮ್ಮ

ಚೆನ್ನೈನ ತ್ರಿಪ್ಲಿಕೇನ್‌ನ ಪಾರ್ಥಸಾರಥಿ ಉತ್ಸವಮೂರ್ತಿಯ ಮುಖದಲ್ಲಿ ಗಾಯದ ಕಲೆಗಳಿವೆ. ಕುರುಕ್ಷೇತ್ರದಲ್ಲಿ ಭೀಷ್ಮನ ಬಾಣ ತಾಗಿದ ಗುರುತು ಎನ್ನುತ್ತಾರೆ ಭಕ್ತರು. ಯುದ್ಧದಿಂದ ಬಂದವನನ್ನು ಗಾಯದ ಸಮೇತ ಪೂಜಿಸುವ ಪೇಟೆ ಇದು.

ಇದೇ ಪೇಟೆಯಲ್ಲಿ ಕಸ್ತೂರಬಾ ಗಾಂಧಿ ಹೆರಿಗೆ ಆಸ್ಪತ್ರೆಯಿದೆ. 1885ರಲ್ಲಿ ಗೋಷಾ (ಪರದೆ) ಪದ್ಧತಿಯ ಹೆಂಗಸರನ್ನೂ ನೆನೆದು ಆರಂಭಿಸಿದ್ದರಿಂದ ಹಳಬರಿಗೆ ಇಂದಿಗೂ ಅದು ಗೋಷಾ ಆಸ್ಪತ್ರೆ. 1938ರಲ್ಲಿ ಮದ್ರಾಸ್ ಮೆಡಿಕಲ್ ಕಾಲೇಜಿನಲ್ಲಿ ಓದು ಮುಗಿಸಿದ ಲಕ್ಷ್ಮೀ ಸ್ವಾಮಿನಾಥನ್ ಇಲ್ಲಿ ವೈದ್ಯೆಯಾಗಿದ್ದರು. 1940ರಲ್ಲಿ ಸಿಂಗಪುರಕ್ಕೆ ಹೋದರು. 1943ರಲ್ಲಿ ಸುಭಾಷಚಂದ್ರ ಬೋಸರ ಆಜಾದ್ ಹಿಂದ್ ಫೌಜಿನ ಝಾನ್ಸಿ ರಾಣಿ ರೆಜಿಮೆಂಟಿನ ಮುಂದಾಳಾಗಿ ‘ಕ್ಯಾಪ್ಟನ್ ಲಕ್ಷ್ಮಿ’ ಆದರು.

1999ರಲ್ಲಿ ಕಬೀರ್ ಖಾನ್ ‘ದಿ ಫರ್ಗಾಟನ್ ಆರ್ಮಿ’ ಎಂಬ ಸಾಕ್ಷ್ಯಚಿತ್ರ ಮಾಡಿದರು. ಎಂಬತ್ತು ದಾಟಿದ್ದ ಕ್ಯಾಪ್ಟನ್ ಲಕ್ಷ್ಮಿ ಮತ್ತು ಕೆಂಪುಕೋಟೆ ವಿಚಾರಣೆ ಎದುರಿಸಿದ್ದ ಗುರ್‌ಬಕ್ಷ್ ಸಿಂಗ್ ಧಿಲ್ಲೋನ್ ಅವರನ್ನು ಕರೆದುಕೊಂಡು, ಸಿಂಗಪುರದಿಂದ ಬರ್ಮಾದವರೆಗೆ ಅವರ ಸೈನ್ಯ ನಡೆದ ಹಾದಿಯನ್ನೇ ಮತ್ತೆ ಹಿಡಿದರು. ಧಿಲ್ಲೋನ್ 2006ರಲ್ಲಿ, ಲಕ್ಷ್ಮಿ 2012ರಲ್ಲಿ ತೀರಿಕೊಂಡರು. ಇನ್ನು ಆ ಪ್ರಯಾಣ ಸಾಧ್ಯವಿಲ್ಲ.

ಹಳೆಯ ಯೋಧರ ನೆನಪನ್ನು ಚಿತ್ರೀಕರಿಸುವ ಕಸುಬಿನ ಗುಟ್ಟು ಆ ಹಾದಿಯಲ್ಲಿದೆ. ಕುರ್ಚಿಯಲ್ಲಿ ಕೂರಿಸಿ ಕೇಳಿದರೆ ಮಾಜಿ ಸೈನಿಕರು ಆಗಸ್ಟ್ 15ರ ಭಾಷಣ ಒಪ್ಪಿಸುತ್ತಾರೆ. ಅದನ್ನು ತಡೆಯಬಾರದು, ಪೂರ್ತಿ ಹೇಳಲು ಬಿಡಬೇಕು. ಆಮೇಲೆ ಬೂಟಿನ ಬಗ್ಗೆ, ಊಟದ ಬಗ್ಗೆ, ಮನೆಯಿಂದ ಬಂದ ಕಾಗದದ ಬಗ್ಗೆ ಕೇಳಬೇಕು. ನದಿ ದಾಟಿದ ಜಾಗದಲ್ಲಿ ನಿಂತಾಗ, ಬಾಯಿ ಮರೆತದ್ದು ಕಾಲಿಗೆ ನೆನಪಾಗುತ್ತದೆ. ಮಾತು ನಿಂತರೂ ಕ್ಯಾಮೆರಾ ನಿಲ್ಲಬಾರದು. ಆ ಮೌನವೂ ಹೇಳಿಕೆಯೇ. ಪಕ್ಕದಿಂದ ಇಸವಿ ತಿದ್ದುವ ಮಗನನ್ನು ಮಾತ್ರ ಹೊರಗೆ ಕಾಫಿಗೆ ಕಳಿಸಬೇಕು. ತಪ್ಪು ಇಸವಿಯನ್ನು ದಾಖಲೆ ನೋಡಿ ಸರಿಪಡಿಸಬಹುದು, ಮುರಿದ ನೆನಪಿನ ಎಳೆಯನ್ನು ಮತ್ತೆ ಹಿಡಿಯುವುದು ಕಷ್ಟ.

ಚಿತ್ರಕ್ಕೆ ಬಳಸದೆ ಉಳಿದದ್ದನ್ನೂ ಎಸೆಯಬಾರದು. 1960-70ರ ದಶಕದಲ್ಲಿ ಬ್ರಿಟನ್ನಿನಲ್ಲಿ ಧ್ವನಿಮುದ್ರಿಸಿದ್ದ ಮೊದಲ ಮಹಾಯುದ್ಧದ ಸೈನಿಕರ ದನಿಗಳ ಮೇಲೆಯೇ ಪೀಟರ್ ಜಾಕ್ಸನ್ 2018ರಲ್ಲಿ ಒಂದಿಡೀ ಸಿನಿಮಾ ಕಟ್ಟಿದರು. ಅಷ್ಟರಲ್ಲಿ ಮಾತಾಡಿದವರು ಯಾರೂ ಉಳಿದಿರಲಿಲ್ಲ.

ನನ್ನ ಕಳವಳ ದೊಡ್ಡ ಹೆಸರುಗಳ ಬಗ್ಗೆ ಅಲ್ಲ. ಜನರಲ್ ತಿಮ್ಮಯ್ಯನವರ ಮಡಿಕೇರಿಯ ಮನೆ 2021ರಲ್ಲಿ ಮ್ಯೂಸಿಯಂ ಆಯಿತು, ಆಗಬೇಕಾದದ್ದೇ. ಆದರೆ ಝಾನ್ಸಿ ರಾಣಿ ರೆಜಿಮೆಂಟಿನಲ್ಲಿ ಮಲಯದ ರಬ್ಬರ್ ತೋಟದ ತಮಿಳು ಹುಡುಗಿಯರು ಎಷ್ಟೋ ಮಂದಿ ಇದ್ದರು. ಕಂಡೇ ಇರದ ದೇಶಕ್ಕಾಗಿ ಬಂದೂಕು ಹಿಡಿದವರು. ಆತ್ಮಕತೆ ಬರೆಯುವವರು ಅಧಿಕಾರಿಗಳು. ಬರೆಯದವರಿಗೇ ಕ್ಯಾಮೆರಾ ಹೆಚ್ಚು ಬೇಕು. 1971ರ ಯುದ್ಧದಲ್ಲಿ ಹದಿನೆಂಟರ ಹುಡುಗನಾಗಿದ್ದವನಿಗೂ ಈಗ ಎಪ್ಪತ್ತು ದಾಟಿದೆ. ಕೊಡಗಿನಲ್ಲಿ, ಬೆಳಗಾವಿಯ ಹಳ್ಳಿಗಳಲ್ಲಿ ಅಂಥ ಹವಾಲ್ದಾರರು, ಲಾರಿ ಚಾಲಕರು, ಅಡುಗೆಯವರು ಇನ್ನೂ ಜಗಲಿಯ ಮೇಲೆ ಸಿಗುತ್ತಾರೆ.

ಕ್ಯಾಪ್ಟನ್ ಲಕ್ಷ್ಮಿಯವರ ಎದುರು ಕೂರುವ ಭಾಗ್ಯ ನನಗಿದ್ದಿದ್ದರೆ, ಮೊದಲು ಯುದ್ಧದ ಬಗ್ಗೆ ಕೇಳುತ್ತಿರಲಿಲ್ಲ. ಗೋಷಾ ಆಸ್ಪತ್ರೆಯಲ್ಲಿ ನೀವು ಹೆರಿಗೆ ಮಾಡಿಸಿದ ಕೊನೆಯ ಕೂಸು ಗಂಡೋ ಹೆಣ್ಣೋ, ಅಮ್ಮ?