ವಿಲನ್ ನಾಯಿಗೆ ಹೀರೋ ಪಟ್ಟ ಕಟ್ಟಿದ ಜೋಡಿ!

ಅಣ್ಣಾವ್ರನ್ನು ವೀರಪ್ಪನ್ ಗಾಜನೂರಿನಿಂದ ಹೊತ್ತೊಯ್ದಿದ್ದು 2000ದ ಜುಲೈ 30ರಂದು. 108 ದಿನ ಕನ್ನಡ ನಾಡು ಊಟ ನಿದ್ದೆ ಬಿಟ್ಟಿತ್ತು. ಅದಕ್ಕೂ ಮೂರು ವರ್ಷ ಮುಂಚೆ, 1997ರ ಅಕ್ಟೋಬರಿನಲ್ಲಿ, ಅದೇ ಮೀಸೆಯವನು ಬಂಡೀಪುರದ ಕಾಡಂಚಿನಿಂದ ಇಬ್ಬರು ಕ್ಯಾಮೆರಾ ಹುಡುಗರನ್ನು ಎತ್ತಿಕೊಂಡು ಹೋಗಿದ್ದ. ಸರ್ಕಾರದ ದೊಡ್ಡ ಮಂದಿ ಅಂದುಕೊಂಡಿದ್ದನಂತೆ! 14 ದಿನ ಕಾಡಿನಲ್ಲಿ ಸುತ್ತಾಡಿಸಿ ಬಿಟ್ಟ.

ಅವರೇ ಮೈಸೂರಿನ ಕೃಪಾಕರ-ಸೇನಾನಿ. ರಾಜನ್-ನಾಗೇಂದ್ರ ಅಂದ ಹಾಗೆ, ಒಂದು ಹೆಸರು ಹೇಳಿದರೆ ಇನ್ನೊಂದು ತಾನಾಗಿಯೇ ಬಾಯಿಗೆ ಬರುತ್ತದೆ.

ಬೇರೆಯವರಾಗಿದ್ದರೆ ಕಾಡಿಗೊಂದು ನಮಸ್ಕಾರ ಹಾಕಿ ಪೇಟೆಯಲ್ಲಿ ಫೋಟೋ ಸ್ಟುಡಿಯೋ ತೆರೆಯುತ್ತಿದ್ದರು. ಇವರು ಅನುಭವವನ್ನು ಪುಸ್ತಕ ಮಾಡಿದರು, ಮತ್ತೆ ಅದೇ ಕಾಡಿನಲ್ಲಿ ಕ್ಯಾಮೆರಾ ಹಿಡಿದರು. ಹಿಡಿದದ್ದು ಯಾರ ಮೇಲೆ? ಹುಲಿಯಲ್ಲ, ಆನೆಯಲ್ಲ. ಸೀಳುನಾಯಿ!

ಕಾಡಿನ ಕಥೆಯಲ್ಲಿ ಸೀಳುನಾಯಿ ಅಂದರೆ ವಜ್ರಮುನಿ ಪಾರ್ಟು. ಬದುಕಿರುವ ಜಿಂಕೆಯನ್ನೇ ಹರಿದು ತಿನ್ನುವ ಕ್ರೂರಿ ಎಂದು ಬೈಸಿಕೊಂಡ ಪ್ರಾಣಿ. ಬ್ರಿಟಿಷರ ಕಾಲದಲ್ಲಿ ಕೊಂದವರಿಗೆ ಇನಾಮು ಕೊಡುತ್ತಿದ್ದರು. 1972ರಲ್ಲಿ ವನ್ಯಜೀವಿ ಕಾಯ್ದೆ ಬರದೇ ಹೋಗಿದ್ದರೆ ಏನಾಗುತ್ತಿತ್ತೋ.

ಈ ಜೋಡಿ ವರ್ಷಗಟ್ಟಲೆ ಆ ಹಿಂಡಿನ ಹಿಂದೆ ಬಿದ್ದಿತು. ಇಲ್ಲಿ ಹೀರೋ ಕಾಲ್‌ಶೀಟ್ ಕೊಡುವುದಿಲ್ಲ, ರೀಟೇಕ್ ಇಲ್ಲ, 'ಕಟ್' ಅಂದರೆ ಯಾರೂ ನಿಲ್ಲುವುದಿಲ್ಲ. ಕಾಯುವುದೇ ಡೈರೆಕ್ಷನ್ನು. ಹಾಗೆ ಕಾದವರ ಕಣ್ಣಿಗೆ ಬಿದ್ದದ್ದು ಬೇರೆಯದೇ ಕಥೆ. ಬೇಟೆ ಮುಗಿಸಿದ ದೊಡ್ಡ ನಾಯಿಗಳು ಓಡಿಬಂದು, ನುಂಗಿದ ಮಾಂಸವನ್ನು ಗೂಡಿನ ಹತ್ತಿರ ಕಕ್ಕಿ ಮರಿಗಳಿಗೆ ಉಣಿಸುತ್ತವೆ. ಹೆತ್ತ ತಾಯಿ ಒಬ್ಬಳೇ ಅಲ್ಲ, ಇಡೀ ಹಿಂಡು ಆ ಮರಿಗಳನ್ನು ಸಾಕುತ್ತದೆ. ಕಾಡಿನಲ್ಲಿ ಚದುರಿಹೋದರೆ ಸಿಳ್ಳೆ ಹಾಕಿ ಒಬ್ಬರನ್ನೊಬ್ಬರು ಕರೆಯುತ್ತವೆ. ನಮ್ಮ ಥಿಯೇಟರಿನ ಗಾಂಧಿ ಕ್ಲಾಸಿನವರ ಹಾಗೇ ಬಿಡಿ!

ಆ ನಾಯಿಗಳ 'ದಿ ಪ್ಯಾಕ್' ಚಿತ್ರಕ್ಕೆ 2010ರಲ್ಲಿ ಇಂಗ್ಲೆಂಡಿನ ಬ್ರಿಸ್ಟಲ್‌ನ ವೈಲ್ಡ್‌ಸ್ಕ್ರೀನ್ ಉತ್ಸವದಲ್ಲಿ ಪ್ರಶಸ್ತಿ ಬಂತು. ವನ್ಯಜೀವಿ ಚಿತ್ರದವರು ಅದನ್ನು 'ಗ್ರೀನ್ ಆಸ್ಕರ್' ಅಂತಲೇ ಕರೆಯುತ್ತಾರೆ. ಗಾಂಧಿನಗರದಲ್ಲಿ ಯಾರಾದರೂ ಒಂದು ಕಟೌಟ್ ನಿಲ್ಲಿಸಿದ್ದರೆ? ಹೋಗಲಿ ಬಿಡಿ.

ನನಗೆ ಪ್ರಶಸ್ತಿಗಿಂತ ಹಿಡಿಸಿದ್ದು ಇನ್ನೊಂದು. ಬಂಡೀಪುರದ ಸುತ್ತಿನ ಹಳ್ಳಿಯವರು ಒಲೆಗೆ ಸೌದೆ ಬೇಕೆಂದರೆ ಕಾಡಿಗೇ ಹೋಗಬೇಕಿತ್ತು. ಪ್ರಾಣಿ ಉಳಿಯಬೇಕಾದರೆ ಕಾಡು ಉಳಿಯಬೇಕು. ಜನರನ್ನು ಬೈದರೆ ಒಲೆ ಉರಿಯುತ್ತದೆಯೇ? ಇವರು ಜೊತೆಗಾರರೊಂದಿಗೆ 'ನಮ್ಮ ಸಂಘ' ಕಟ್ಟಿ ಆ ಮನೆಗಳಿಗೆ ಗ್ಯಾಸ್ ಸಿಲಿಂಡರ್ ಮುಟ್ಟಿಸಿದರು. ಕ್ಯಾಮೆರಾ ಹಿಡಿದ ಎಷ್ಟು ಮಂದಿ ಇಂಥ ಕೆಲಸಕ್ಕೆ ಇಳಿದಾರು?

ನಮ್ಮ ಮಾಸ್ತಿ ಸೀಮೆಗೂ ತಮಿಳುನಾಡಿನ ಕಾಡಿನಿಂದ ಆನೆಗಳು ಬಂದು ಟೊಮೆಟೊ ತೋಟ ತುಳಿದಿವೆ. ಪಟಾಕಿ ಹಿಡಿದು ಓಡಿದವರಿಗೆ ಕಾಡುಪ್ರಾಣಿಯ ಸಿನಿಮಾ ಅಂದರೆ ಸಿಟ್ಟು ಬರುವುದೂ ಸಹಜ. ಮೊನ್ನೆ ಬಸ್‌ಸ್ಟ್ಯಾಂಡಿನ ಟೀ ಅಂಗಡಿಯಲ್ಲಿ ಈ ನಾಯಿಗಳ ಕಥೆ ಹೇಳುತ್ತಿದ್ದೆ. ಗೆಳೆಯನೊಬ್ಬ ಕೇಳಿದ, "ಅದ್ರಾಗೆ ಫೈಟ್ ಐತೇನಪ್ಪಾ?"

"ಐತೆ ಕಣೋ. ಡೂಪ್ ಮಾತ್ರ ಇಲ್ಲ" ಅಂದೆ.